ಹಳದಿ ಬೀರು, ಟೊಳ್ಳು ಗೋಡೆ

ಬೆಳಗಿನಿಂದ ವೆಂಡೆಲ್ ಕಾಲು ಸುಟ್ಟ ಬೆಕ್ಕಿನ ಹಾಗೆ ಮನೆಯೆಲ್ಲ ಓಡಾಡುತ್ತಿದ್ದ. ಇದ್ದದ್ದೇ ಮಹಡಿಯ ಮೇಲಿನ ಎರಡೂವರೆ ಕೋಣೆಯ ಬಾಡಿಗೆ ಮನೆ, ಓಡಾಡಲು ಜಾಗವಾದರೂ ಎಲ್ಲಿ? ಅಡುಗೆಮನೆಯಿಂದ ಚಿಕ್ಕ ಕೋಣೆಗೆ, ಅಲ್ಲಿಂದ ಕಿಟಕಿಗೆ, ಕಿಟಕಿಯಿಂದ ಮತ್ತೆ ಅಡುಗೆಮನೆಗೆ. ಕಾಫಿ ಬಗ್ಗಿಸಿಕೊಳ್ಳುತ್ತಿದ್ದ, ಎಲ್ಲೋ ಇಟ್ಟು ಮರೆಯುತ್ತಿದ್ದ, ಮತ್ತೆ ಬಗ್ಗಿಸಿಕೊಳ್ಳುತ್ತಿದ್ದ. ಸಂಜೆ ಕತ್ತಲಾಗುವುದರೊಳಗೆ ಡಾರ್ಸಿ ಡುಲೂತ್‌ನಿಂದ ಮಗಳು ಟಿಲ್ಲಿಯನ್ನು ಕರೆದುಕೊಂಡು ಬರುವವಳಿದ್ದಳು. ಗಂಡ ಹೆಂಡತಿ ಬೇರೆಯಾದ ಮೇಲೆ ಮೂರು ವರ್ಷದ ಆ ಮಗು ಅಪ್ಪನ ಮನೆಯಲ್ಲಿ ರಾತ್ರಿ ಉಳಿಯುವುದು ಇದೇ ಮೊದಲು. ಉಳಿದರೆ.

ಆ ‘ಉಳಿದರೆ’ ಡಾರ್ಸಿಯದು. ಹಿಂದಿನ ದಿನ ಫೋನಿನಲ್ಲಿ ಅವಳು ಸುತ್ತಿ ಬಳಸಿ ಮಾತಾಡಿರಲಿಲ್ಲ.

"ಆ ಬೀರು ಗೋಡೆಯೊಳಗಿನ ಮರಕ್ಕೆ ಬಿಗಿದಿರ್ಬೇಕು ವೆಂಡೆಲ್. ಮರಕ್ಕೆ, ಬರೀ ಹಲಗೆಗಲ್ಲ. ನಾನೇ ಎಳೆದು ನೋಡ್ತೀನಿ. ಇಲ್ಲಾಂದ್ರೆ ಬಂದ ಕಾರಲ್ಲೇ ಅವಳನ್ನ ವಾಪಸ್ ಕರ್ಕೊಂಡು ಹೋಗ್ತೀನಿ."

"ಆಯ್ತು ಆಯ್ತು."

"ನಿನ್ನ ಈ ‘ಆಯ್ತು’ ಕೇಳಿ ಕೇಳಿ ನನ್ನ ಕಿವಿ ತೂತು ಬಿದ್ದಿದೆ," ಎಂದು ಅವಳು ಫೋನಿಟ್ಟಿದ್ದಳು.

ಅವಳನ್ನು ಜೋರಿನವಳು ಅನ್ನುವ ಹಾಗಿಲ್ಲ. ಅವಳ ತಂಗಿಯ ಮಗ ಇಂಥದೇ ಬೀರಿನ ಡ್ರಾಯರ್ ಹತ್ತಿ, ಬೀರು ಮೈಮೇಲೆ ಬಿದ್ದು, ಚಳಿಗಾಲವೆಲ್ಲ ಕಾಲಿಗೆ ಪ್ಲಾಸ್ಟರ್ ಹಾಕಿಸಿಕೊಂಡು ಮಲಗಿದ್ದ. ವೆಂಡೆಲ್‌ನ ‘ಆಯ್ತು’ ಎಂಥದೆಂದೂ ಅವಳಿಗೆ ಚೆನ್ನಾಗಿ ಗೊತ್ತಿತ್ತು. ಕಾರಿನ ಬ್ರೇಕು ಆಯ್ತು, ಸೋರುವ ಸೂರು ಆಯ್ತು, ಅಂಗಳದ ಮೆಟ್ಟಿಲು ಆಯ್ತು. ನೋಡಿದರೆ ಒಂದೂ ಆಗಿರುತ್ತಿರಲಿಲ್ಲ. ಅವನೇನು ಸುಳ್ಳುಗಾರನಲ್ಲ ಪಾಪ. ಮನಸ್ಸಿನಲ್ಲಿ ಒಮ್ಮೆ ಮಾಡಿ ಮುಗಿಸಿದರೆ ಅವನ ಪಾಲಿಗೆ ಕೆಲಸ ಮುಗಿದ ಹಾಗೆಯೇ. ಅಂಥವನ ಜೊತೆ ಸಂಸಾರ ಮಾಡಿದವರಿಗೇ ಗೊತ್ತು ಅದರ ಪಾಡು.

ಆದರೆ ಬೀರನ್ನು ಮಾತ್ರ ಅವನು ನಿಜವಾಗಿಯೂ ಕಷ್ಟಪಟ್ಟು ಮಾಡಿದ್ದ. ಹಳೇ ಸಾಮಾನಿನ ಅಂಗಡಿಯಲ್ಲಿ ಸಿಕ್ಕ ಐದು ಡ್ರಾಯರ್‌ಗಳ ಗಟ್ಟಿ ಓಕ್ ಬೀರು. ಬಣ್ಣ ಕೆರೆದು, ಮರಳುಕಾಗದ ತಿಕ್ಕಿ, ಯಾವ ಬಣ್ಣ ಬೇಕು ಪುಟ್ಟಿ ಎಂದು ಮಗಳನ್ನು ಫೋನಿನಲ್ಲಿ ಕೇಳಿ, ಅವಳು ಹೇಳಿದ ಹಳದಿಯನ್ನೇ ಬಳಿದಿದ್ದ. ಮೂರು ಸುತ್ತು ಬಳಿದಿದ್ದ. ಟಿಲ್ಲಿಗೆ ಅಪ್ಪನ ಮನೆಯಲ್ಲಿ ತನ್ನದೇ ಅಂತ ಒಂದು ಸಾಮಾನಿರಲಿ ಎಂದು ಅವನ ಆಸೆ.

ಉಳಿದದ್ದು ಗೋಡೆ. ವೆಂಡೆಲ್‌ನ ಊರಾದ ಎವೆಲೆತ್‌ನ ಎಲ್ಲ ಮನೆಗಳ ಹಾಗೆ ಇದೂ ಟೊಳ್ಳು ಗೋಡೆ. ಹೊರಗೆ ಕಾಣುವುದು ಸುಣ್ಣದ ಹಲಗೆ, ಅದರ ಹಿಂದೆ ಗಾಳಿ, ಅಲ್ಲೊಂದು ಇಲ್ಲೊಂದು ನಿಂತ ಮರದ ಕಂಬ. ಸ್ಕ್ರೂ ಆ ಕಂಬಕ್ಕೆ ಕಚ್ಚಿದರೆ ಆನೆ ಎಳೆದರೂ ಬರದು; ತಪ್ಪಿದರೆ ಮಗುವಿನ ಕೈಗೇ ಕಿತ್ತುಬರುತ್ತದೆ. ಕಂಬ ಎಲ್ಲಿದೆಯೆಂದು ಕಣ್ಣಿಗೆ ಕಾಣುವುದಿಲ್ಲವಲ್ಲ, ಅದೇ ಪೀಕಲಾಟ.

ಗೊತ್ತಿದ್ದವರನ್ನು ಕರೆಯೋಣವೆಂದರೆ ಅವತ್ತು ಜಿಂಕೆ ಬೇಟೆಯ ಮೊದಲ ದಿನ. ಊರಿನ ಗಂಡಸರೆಲ್ಲ ಕಿತ್ತಳೆ ಬಣ್ಣದ ಅಂಗಿ ತೊಟ್ಟು ಬೆಳಕು ಹರಿಯುವ ಮೊದಲೇ ಕಾಡು ಸೇರಿದ್ದರು. ಹನ್ನೆರಡನೇ ವಯಸ್ಸಿನಿಂದ ಒಂದು ವರ್ಷವೂ ತಪ್ಪಿಸದ ವೆಂಡೆಲ್ ಈ ಸಲ ಮಗಳಿಗೋಸ್ಕರ ಉಳಿದಿದ್ದ. ಗೆಳೆಯರು ಗೇಲಿ ಮಾಡಿಯೂ ಆಗಿತ್ತು. ಕೊನೆಗೆ ಪಕ್ಕದ ಮನೆಯ ಬರ್ನೀಸ್ ಅಜ್ಜಿಯ ಬಾಗಿಲು ತಟ್ಟಿದ.

"ಏನೋ ಇದು, ಬೇಟೆ ದಿನ ಗಂಡುಪ್ರಾಣಿ ಊರಲ್ಲೇ ಇದೆ? ಮೈ ಹುಷಾರಿಲ್ವಾ?" ಅಂದಳು ಅಜ್ಜಿ.

ವಿಷಯ ಕೇಳಿ, ಒಳಗೆ ಹೋಗಿ, ಬೇಟೆಗೆ ಹೋಗಿದ್ದ ಗಂಡ ಮರ್ಲ್‌ನ ಸಾಮಾನಿನ ಡಬ್ಬದಿಂದ ಸ್ಟಡ್ ಫೈಂಡರ್ ಎಂಬ ಅಂಗೈಯಗಲದ ಯಂತ್ರ ತಂದುಕೊಟ್ಟಳು. "ಗೋಡೆ ಮೇಲೆ ಸವರ್ಕೊಂಡು ಹೋದ್ರೆ ಮರ ಬಂದ ಕಡೆ ಕುಂಯ್ ಅನ್ನತ್ತೆ. ಮೊದ್ಲು ಬಟನ್ ಒತ್ತಿ ಹಿಡ್ಕೊಂಡು ಅದಕ್ಕೆ ಗೋಡೆ ಗುರ್ತು ಮಾಡಿಸ್ಬೇಕು ಕಣೋ. ಆಮೇಲೆ ಸ್ವಿಚ್ ಪಕ್ಕ ಇಟ್ಟು ಪರೀಕ್ಷೆ ಮಾಡು. ಸ್ವಿಚ್ಚನ್ನ ಕಂಬಕ್ಕೇ ಹೊಡೆದಿರ್ತಾರೆ, ಅಲ್ಲಿ ಮರ ಗ್ಯಾರಂಟಿ. ಕೇಳಿಸ್ತಾ?"

"ಆಯ್ತು ಅಜ್ಜಿ," ಎಂದ ವೆಂಡೆಲ್. ಅಷ್ಟರಲ್ಲಿ ಅವನು ಅರ್ಧ ಮೆಟ್ಟಿಲು ಹತ್ತಿಯಾಗಿತ್ತು. ಅವನ ಕಿವಿಗೆ ಬಿದ್ದದ್ದು ಎರಡೇ: ಬಟನ್ ಒತ್ತಿ ಹಿಡಿ, ಸ್ವಿಚ್ ಪಕ್ಕ.

ಹಾಗೆಯೇ ಮಾಡಿದ. ಯಂತ್ರವನ್ನು ನೇರ ಸ್ವಿಚ್ಚಿನ ಪಕ್ಕ ಒತ್ತಿಟ್ಟು ಬಟನ್ ಹಿಡಿದ. ಅದು ‘ತಿಳಿಯಿತು’ ಎಂಬಂತೆ ಟಿಕ್ ಅಂದಿತು. ಅಲ್ಲಿಂದ ಗೋಡೆಯುದ್ದಕ್ಕೂ ಸವರಿಕೊಂಡು ಹೋದ. ಸದ್ದಿಲ್ಲ. ವಾಪಸ್ ಬಂದ. ಸದ್ದಿಲ್ಲ. ಬ್ಯಾಟರಿ ಬದಲಿಸಿದ, ಮತ್ತೆ ಸ್ವಿಚ್ಚಿನ ಹತ್ತಿರವೇ ಒತ್ತಿ ಹಿಡಿದು ಶುರುಮಾಡಿದ. ಯಂತ್ರ ಬಾಯಿಗೆ ಬೀಗ ಹಾಕಿಕೊಂಡಂತೆ ಕೂತಿತ್ತು. ತೊಡೆಗೆ ಬಡಿದ, ಊದಿದ, ಬೈದ. ಈ ಮನೆ ಕಟ್ಟಿದವನು ಕಂಬವನ್ನೇ ಹಾಕಿಲ್ಲವೇನೋ ಎಂಬ ಅನುಮಾನವೂ ಬಂತು. ಕಂಬವಿಲ್ಲದೆ ಮನೆ ನಿಂತಿರುವುದಾದರೂ ಹೇಗೆ ಎಂದು ಯೋಚಿಸುವ ತಾಳ್ಮೆ ಅವನಿಗೆಲ್ಲಿಯದು!

ಕಿಟಕಿಯ ಹೊರಗೆ ಬೆಳಕು ಇಳಿಯತೊಡಗಿತ್ತು. ಅವನು ಡ್ರಿಲ್ ತೆಗೆದುಕೊಂಡು ಅಂದಾಜಿನ ಮೇಲೆ ಕೊರೆದ. ಡ್ರಿಲ್ಲಿನ ಮೊನೆ ಬ್ರೆಡ್ಡಿಗೆ ಚಾಕು ಇಳಿದ ಹಾಗೆ ಸರ್ರನೆ ಇಳಿಯಿತು. ಟೊಳ್ಳು. ಒಂದು ಗೇಣು ಪಕ್ಕಕ್ಕೆ ಕೊರೆದ, ಅಲ್ಲೂ ಟೊಳ್ಳು. ಆಮೇಲೆ ರೊಚ್ಚಿಗೆದ್ದು ಅಲ್ಲಿ ಇಲ್ಲಿ ಕೊರೆಯುತ್ತಲೇ ಹೋದ. ಗೋಡೆಗೆ ಸಿಡುಬು ಎದ್ದಂತಾಯಿತೇ ಹೊರತು ಮರ ಸಿಗಲಿಲ್ಲ. ನೆಲವೆಲ್ಲ ಬಿಳಿ ಪುಡಿ.

ಆಗ ಅವನ ಕೈ ಪ್ಲಾಸ್ಟಿಕ್ ಬಿರಡೆಗಳ ಪೊಟ್ಟಣದ ಕಡೆ ಹೋಯಿತು. ಫೋಟೋ ತೂಗುಹಾಕಲು ಇಟ್ಟುಕೊಂಡಿದ್ದ ಬಿರಡೆಗಳು. ಅವನ್ನು ತೂತಿಗೆ ಗಿಡಿದು, ಸ್ಕ್ರೂ ತಿರುಗಿಸಿ, ಬೀರಿನ ಬೆನ್ನಿಗೆ ಪಟ್ಟಿ ಬಿಗಿದು, ಬೀರನ್ನು ಗೋಡೆಗೆ ತಳ್ಳಿದ. ತೂತುಗಳೆಲ್ಲ ಅದರ ಹಿಂದೆ ಮುಚ್ಚಿಹೋದವು. ಮೆಲ್ಲಗೆ ಎಳೆದು ನೋಡಿದ, ಅಲ್ಲಾಡಲಿಲ್ಲ. ಇನ್ನೂ ಸ್ವಲ್ಪ ಜೋರಾಗಿ ಎಳೆಯಲು ಧೈರ್ಯ ಬರಲಿಲ್ಲ.

ಮನಸ್ಸಿಗೆ ಸಮಾಧಾನವಿಲ್ಲ. ಮಗು ಬರುವ ಹೊತ್ತಾಯಿತು, ಇವತ್ತೊಂದು ರಾತ್ರಿ ತಾನೇ, ನಾಳೆ ಮರ್ಲ್ ಬಂದ ಮೇಲೆ ಸರಿಮಾಡಿಸಿದರಾಯಿತು ಎಂದು ತನಗೆ ತಾನೇ ಹೇಳಿಕೊಂಡ. ನೆಲ ಗುಡಿಸಿದ. ಗುಡಿಸಿದ ಜಾಗವನ್ನೇ ಮತ್ತೆ ಗುಡಿಸಿದ. ಕಾರಿನ ಸದ್ದಾದಾಗ ಪೊರಕೆ ಕೈಯಲ್ಲೇ ಇತ್ತು.

ಟಿಲ್ಲಿ ದಪ್ಪ ಕೋಟಿನೊಳಗಿಂದಲೇ ಕಿರುಚಿದಳು, "ಅಪ್ಪಾ! ಹಳದಿ!"

ಡಾರ್ಸಿ ಕೋಟು ಬಿಚ್ಚಲಿಲ್ಲ. ನೇರ ಬೀರಿನ ಹತ್ತಿರ ಹೋಗಿ ಬೆನ್ನಿನ ಪಟ್ಟಿ ಮುಟ್ಟಿ ನೋಡಿದಳು. ಎರಡು ಕೈಯಲ್ಲಿ ಹಿಡಿದು ಎಳೆದಳು. ಬೀರು ಅಲ್ಲಾಡಲಿಲ್ಲ.

"ಮರಕ್ಕೇ ಕಚ್ಚಿದೆ ತಾನೆ?"

"ಹೂಂ. ಆಯ್ತಲ್ಲ."

"ಪರವಾಗಿಲ್ವೇ ನೀನು!" ಅವಳ ಮುಖ ಸಡಿಲಾಯಿತು. ಎಷ್ಟೋ ತಿಂಗಳ ಮೇಲೆ ಅವಳು ಅವನನ್ನು ನೋಡಿ ನಕ್ಕಳು. "ಬಣ್ಣನೂ ಚೆನ್ನಾಗಿ ಬಂದಿದೆ ಕಣೋ. ಸರಿ, ನಾನು ಹೊರಡ್ತೀನಿ. ನಾಳೆ ಮಧ್ಯಾಹ್ನ ಬರ್ತೀನಿ."

ಅವನು ಬಯಸಿದ್ದೆಲ್ಲ ಸಿಕ್ಕಿತ್ತು. ಡಾರ್ಸಿ ಬಾಗಿಲ ಕಡೆ ತಿರುಗಿದಳು. ಅತ್ತ ಟಿಲ್ಲಿ ಕೆಳಗಿನ ಡ್ರಾಯರನ್ನು ಎಳೆದು ತೆರೆದಳು, ಅದರ ಮೇಲಿನದನ್ನೂ ತೆರೆದಳು, ಕೆಳಗಿನದರೊಳಗೆ ಒಂದು ಕಾಲಿಟ್ಟು ಮೇಲಿನದನ್ನು ಹಿಡಿದು ಏರಲು ಹೋದಳು.

"ಇಳಿಯೇ!"

ಅಂಥ ಕೂಗು ತನ್ನ ಗಂಟಲಿನಿಂದ ಬರುತ್ತದೆಂದು ವೆಂಡೆಲ್‌ಗೇ ಗೊತ್ತಿರಲಿಲ್ಲ. ಒಂದೇ ನೆಗೆತಕ್ಕೆ ಹೋಗಿ ಮಗುವನ್ನು ಬಾಚಿಕೊಂಡು, ಇನ್ನೊಂದು ಭುಜವನ್ನು ಬೀರಿಗೆ ಒತ್ತಿ ನಿಂತ. ಬೀರು ಬಿದ್ದಿರಲಿಲ್ಲ. ಹಿಂದೆಲ್ಲೋ ಚರಕ್ ಎಂದಿತ್ತು ಅಷ್ಟೆ. ಟಿಲ್ಲಿ ಹೆದರಿ ಅಳತೊಡಗಿದಳು.

"ಯಾಕೆ ಹಾಗೆ ಕಿರುಚಿದೆ?" ಡಾರ್ಸಿ ಬಾಗಿಲಲ್ಲೇ ನಿಂತು ಕೇಳಿದಳು. "ಬಿಗಿದಿದೆ ಅಂದ್ಯಲ್ಲ. ಹತ್ತಿದ್ರೆ ಏನಾಗತ್ತೆ?"

ಅವನ ಹತ್ತಿರ ಉತ್ತರಗಳಿಗೇನು ಬರವೇ? ಮಗು ಜಾರೀತು ಅಂತ ಕೂಗಿದೆ ಅನ್ನಬಹುದಿತ್ತು. ಅವಳು ನಂಬುತ್ತಿದ್ದಳು ಕೂಡ. ಆದರೆ ಮಗುವಿನ ಪುಟ್ಟ ಎದೆ ಅವನ ಕೈಯಡಿ ಢವಢವ ಎನ್ನುತ್ತಿತ್ತು.

"ಬಿಗಿದಿಲ್ಲ ಡಾರ್ಸಿ. ಹಿಂದೆ ಮರ ಇಲ್ಲ. ಬರೀ ಹಲಗೆಗೆ ಬಿರಡೆ ಹಾಕಿದೀನಿ."

ಡಾರ್ಸಿ ಕೂಗಾಡಲಿಲ್ಲ. ಕೂಗಾಡಿದ್ದರೆ ಚೆನ್ನಾಗಿತ್ತು. ಮಗುವನ್ನು ಅವನ ಕೈಯಿಂದ ತೆಗೆದುಕೊಂಡು, "ನನ್ನ ಮುಖ ನೋಡ್ಕೊಂಡು ಹೇಳಿದ್ಯಲ್ಲೋ," ಎಂದಷ್ಟೇ ಹೇಳಿ ಮೆಟ್ಟಿಲಿಳಿದಳು. ಅವಳ ಕಣ್ಣು ತುಂಬಿದ್ದನ್ನು ಅವನು ಕಂಡ. ಕೆಳಗೆ ಕಾರಿನ ಬಾಗಿಲು ಮುಚ್ಚಿದ ಸದ್ದಾಯಿತು.

ವೆಂಡೆಲ್‌ಗೆ ತನ್ನ ಮೇಲೆಯೇ ಹೇಸಿಗೆಯಾಯಿತು. ತಿರುಗಿ ಬೀರನ್ನು ಎರಡೂ ಕೈಯಲ್ಲಿ ಹಿಡಿದು ಒಮ್ಮೆ ಜಗ್ಗಿದ. ಪಟ್ಟಿ, ಬಿರಡೆ, ಸುಣ್ಣದ ಚೂರು ಎಲ್ಲ ಒಟ್ಟಿಗೆ ಕಿತ್ತುಬಂದವು. ಅದನ್ನು ನೋಡಿದ ಮೇಲೆ ಆ ಸಾಮಾನು ಒಂದು ಗಳಿಗೆಯೂ ಆ ಕೋಣೆಯಲ್ಲಿರುವುದು ಬೇಡವೆನಿಸಿತು. ಡ್ರಾಯರ್‌ಗಳನ್ನು ಎಳೆದು ಕೆಳಗೆ ಹೊತ್ತು ಹಿಮದ ಮೇಲೆ ಇಟ್ಟ. ಖಾಲಿ ಬೀರನ್ನು ಬೆನ್ನಿಗೆ ಆನಿಸಿಕೊಂಡು ಒಂದೊಂದೇ ಮೆಟ್ಟಿಲು ಇಳಿಸಿದ. ಹಳದಿ ಬಣ್ಣ ಗೋಡೆಗೆ ತರಚಿ ಗೀರುಬಿತ್ತು. ಬೀಳಲಿ ಎಂದುಕೊಂಡ. ಅಂಗಳಕ್ಕೆ ಬಂದು ಆಗಷ್ಟೇ ತಲೆಯೆತ್ತಿ ನೋಡಿದರೆ ಕಾರು ಇನ್ನೂ ಹೋಗಿರಲಿಲ್ಲ. ಎಂಜಿನ್ ಓಡುತ್ತಿತ್ತು. ಡಾರ್ಸಿ ಸ್ಟೀರಿಂಗ್ ಮೇಲೆ ಹಣೆಯಿಟ್ಟು ಕೂತಿದ್ದಳು.

ಸದ್ದಿಗೆ ಬರ್ನೀಸ್ ಅಜ್ಜಿ ಶಾಲು ಹೊದ್ದು ಹೊರಗೆ ಬಂದಳು. "ಏನೋ ಇದು ಅವತಾರ? ಬೀರು ಯಾಕೆ ಬೀದಿಗೆ ಬಂತು?"

"ಮರ ಸಿಗಲಿಲ್ಲ ಅಜ್ಜಿ. ನಿಮ್ಮ ಯಂತ್ರ ಕೈಕೊಡ್ತು."

"ಎಲ್ಲಿಟ್ಟು ಬಟನ್ ಒತ್ತಿದೆ?"

"ನೀವೇ ಹೇಳಿದ್ರಲ್ಲ, ಸ್ವಿಚ್ ಪಕ್ಕ."

"ಅಯ್ಯೋ ನಿನ್ನ ಮನೆ ಹಾಳಾಗ!" ಅಜ್ಜಿ ಹಣೆ ಚಚ್ಚಿಕೊಂಡಳು. "ಬಟನ್ ಒತ್ತೋದು ಟೊಳ್ಳಿನ ಮೇಲೆ ಕಣೋ, ಪರೀಕ್ಷೆ ಮಾಡೋದು ಸ್ವಿಚ್ ಹತ್ರ! ನೀನು ಮರದ ಮೇಲಿಟ್ಟು ಇದೇ ಬರೀ ಗೋಡೆ ಅಂತ ಅದಕ್ಕೆ ಪಾಠ ಹೇಳಿದ್ರೆ, ಪಾಪ, ಅದು ಮರ ಬಂದಾಗ ಯಾಕೆ ಕೂಗತ್ತೆ? ಪೂರ್ತಿ ಕೇಳಿಸ್ಕೊಂಡು ಹೋಗೋಕೆ ನಿಂಗೇನು ರೋಗ? ಹೋಗು, ಹೊತ್ಕೊಂಡು ಹೋಗಿ ಈಗ ಸರಿಯಾಗಿ ಬಿಗಿ. ಹತ್ತು ನಿಮಿಷದ ಕೆಲಸ."

ಡಾರ್ಸಿ ಕಾರಿನ ಗಾಜು ಇಳಿಸಿದ್ದಳು. ಎಲ್ಲ ಕೇಳಿಸಿಕೊಂಡಿದ್ದಳು.

ವೆಂಡೆಲ್ ತಲೆಯಲ್ಲಾಡಿಸಿದ. "ಬೇಡ ಅಜ್ಜಿ. ಇವತ್ತು ಬೇಡ. ಇವತ್ತು ನಾನು ಬಿಗಿದ್ರೆ ನನಗೇ ನಂಬಿಕೆ ಇರಲ್ಲ. ನಿಮ್ಮ ಜಗಲೀಲಿ ಇಟ್ಕೊಳ್ಳಿ, ಮರ್ಲ್ ಬಂದ್ಮೇಲೆ ಅವರು ನಿಂತು ನೋಡ್ಲಿ, ನಾನು ಮಾಡ್ತೀನಿ." ಆಮೇಲೆ ಕಾರಿನ ಕಡೆ ನೋಡದೆ ಹೇಳಿದ, "ಕೋಣೆ ಈಗ ಖಾಲಿ ಇದೆ. ಹಾಸಿಗೆ ಒಂದೇ, ಅದೂ ನೆಲದ ಮೇಲೆ. ಬೀಳೋಂಥದ್ದು ಏನೂ ಇಲ್ಲ. ಅಷ್ಟು ಮಾತ್ರ ಹೇಳಬಲ್ಲೆ."

ಡಾರ್ಸಿ ಎಂಜಿನ್ ಆರಿಸಿದಳು. ಇಳಿದು ಬಂದಳು. ಅವನನ್ನು ದಾಟಿ ಮೇಲೆ ಹೋದಳು. ಮೇಲೆ ಅವಳ ಬೂಟಿನ ಸದ್ದು ಕೋಣೆಯ ಆ ಮೂಲೆಯಿಂದ ಈ ಮೂಲೆಗೆ ಓಡಾಡಿತು. ಅಷ್ಟು ಹೊತ್ತೂ ವೆಂಡೆಲ್ ಹಿಮದಲ್ಲಿ ಒಂದು ಕಾಲಿನಿಂದ ಇನ್ನೊಂದಕ್ಕೆ ಭಾರ ಬದಲಿಸುತ್ತ ನಿಂತಿದ್ದ. ಹಿಂದಿನ ಸೀಟಿನಿಂದ ಟಿಲ್ಲಿ ಅವನನ್ನೇ ನೋಡುತ್ತಿದ್ದಳು.

"ಗೋಡೆಗೆ ಏನು, ಗುಂಡು ಹಾರಿಸಿದ್ಯಾ?" ವಾಪಸ್ ಬಂದ ಡಾರ್ಸಿ ಕೇಳಿದಳು. ನಗುತ್ತಿದ್ದಳೋ ಅಳುತ್ತಿದ್ದಳೋ ಹೇಳುವುದು ಕಷ್ಟ. "ನಿನ್ನ ಜೊತೆ ಇದ್ದಷ್ಟು ವರ್ಷ ಒಂದು ಸಲ ‘ಆಗಿಲ್ಲ’ ಅಂದಿದ್ರೆ ಸಾಕಿತ್ತು ಕಣೋ. ಒಂದೇ ಸಲ. ಹಾಲಿದ್ಯಾ ಮನೇಲಿ?"

"ಇಲ್ಲ. ತಂದಿಲ್ಲ."

"ಅವಳಿಗೆ ದಿಂಬು?"

"ಅದೂ ಮರೆತೆ."

"ಸಾಕು ಸಾಕು, ಎಲ್ಲ ಒಂದೇ ದಿನ ಒಪ್ಕೋಬೇಡ!" ಅವಳು ಹಿಂದಿನ ಸೀಟಿನ ಬೆಲ್ಟು ಬಿಚ್ಚಿ ಮಗುವನ್ನೆತ್ತಿ ಅವನ ಕೈಗೆ ಕೊಟ್ಟಳು. "ನಾನು ತಂದುಕೊಟ್ಟು ಹೋಗ್ತೀನಿ. ನೀನು ಅವಳನ್ನ ಬಿಟ್ಟು ಅಲ್ಲಾಡ್ಬೇಡ."

ಕಾರು ಅಂಗಡಿಯ ಕಡೆ ತಿರುಗಿತು. ಟಿಲ್ಲಿ ಅಪ್ಪನ ಕಿವಿ ಹಿಡಿದುಕೊಂಡು ಹಿಮದಲ್ಲಿ ನಿಂತ ಬೀರನ್ನು ನೋಡಿದಳು.

"ನನ್ನ ಬೀರು ಯಾಕಪ್ಪಾ ಹೊರಗಿದೆ?"

"ನಂಗೆ ಅದನ್ನ ಗೋಡೆಗೆ ಬಿಗಿಯೋಕೆ ಬರ್ಲಿಲ್ಲ ಪುಟ್ಟಿ," ಎಂದ ವೆಂಡೆಲ್.