ಪಂಡಿತನ ಕನ್ನಡಕ

ಸೋದರಮಾವನ ಕನ್ನಡಕದ ಅಂಗಡಿಯಲ್ಲಿ ಕೆಲಸ ಕಲಿಯುತ್ತಿದ್ದ ಹುಡುಗಿಗೆ ಹದಿನೆಂಟು ವರ್ಷ. ಎದುರಿನ ಬಸ್ ನಿಲ್ದಾಣದಲ್ಲಿ ದಿನಾ ಸಂಜೆ ದಪ್ಪ ಪುಸ್ತಕ ಹಿಡಿದು ಕೂರುವ ಯುವಕನಿಗೆ ಅವಳು ಮನಸ್ಸಿನಲ್ಲೇ ‘ಪಂಡಿತ’ ಅಂತ ಹೆಸರಿಟ್ಟಿದ್ದಳು. ಅವನು ಮಿತಭಾಷಿ, ಮೃದು ಸ್ವಭಾವದವನು, ಸುಳ್ಳು ಹೇಳದವನು. ಒಂದು ಮಾತೂ ಆಡದೆ ಅವಳಿಗೆ ಇಷ್ಟೆಲ್ಲ ಗೊತ್ತಿತ್ತು.

ಒಂದು ದಿನ ಪಂಡಿತ ಅಂಗಡಿಗೇ ಬಂದ. ಕನ್ನಡಕದ ತಿರುಪು ಸಡಿಲವಾಗಿತ್ತು.

“ಹತ್ತು ನಿಮಿಷ ಬಿಟ್ಟು ಬನ್ನಿ,” ಎಂದು ಅವಳು ಅವನ ಮುಖ ನೋಡದೆ ಕನ್ನಡಕ ತೆಗೆದುಕೊಂಡಳು.

ತಿರುಪು ಬಿಗಿದು, ಗಾಜು ಒರೆಸಿ, ಅಭ್ಯಾಸಬಲದಿಂದ ಗೋಡೆಯ ಕ್ಯಾಲೆಂಡರಿನತ್ತ ಹಿಡಿದು ಅಲ್ಲಾಡಿಸಿದಳು. ನಂಬರು, ಅಂದರೆ ಪವರ್, ಇರುವ ಗಾಜಾದರೆ ಅದರೊಳಗಿಂದ ಕಾಣುವ ಅಂಕಿಗಳು ಅತ್ತಿತ್ತ ಓಡಬೇಕು. ಒಂದೂ ಕದಲಲಿಲ್ಲ.

“ಮಾವ, ಇದರಲ್ಲಿ ನಂಬರೇ ಇಲ್ಲ!”

“ಷೋಕಿಗೆ ಹಾಕ್ಕೋತಾರೆ, ಬಿಡು.”

ಅವಳ ತಲೆಗೆ ಹುಳ ಬಿಟ್ಟ ಹಾಗಾಯಿತು. ಮರುದಿನದಿಂದ ಅವನ ಮೇಲೆ ಕಣ್ಣಿಟ್ಟಳು. ಪಕ್ಕದಲ್ಲಿ ಯಾರಾದರೂ ಬಂದು ಕೂತರಷ್ಟೇ ಪುಟ ತಿರುಗಿಸುತ್ತಿದ್ದ. ನಾಲ್ಕು ಬಸ್ಸು ಬಂದು ಹೋದರೂ ಏಳುತ್ತಿರಲಿಲ್ಲ. ಓದುವ ನೆಪದಲ್ಲಿ ಇವನು ಕಾಯುತ್ತಿರುವುದು ಏನನ್ನು? ಮಾವ ಬಾಗಿಲು ಹಾಕುವ ಹೊತ್ತನ್ನೇ? ಇಂಥ ಸಂಭಾವಿತರೇ ಕಣ್ಣಿಗೆ ಮಣ್ಣೆರಚುವುದು. ಹಿಂಬಾಗಿಲ ಚಿಲಕವನ್ನು ಎರಡೆರಡು ಸಲ ಎಳೆದು ನೋಡತೊಡಗಿದಳು.

ಐದನೇ ದಿನ ತಡೆಯಲಾಗದೆ ರಸ್ತೆ ದಾಟಿದಳು.

“ಈ ಪುಟದಲ್ಲಿ ಏನಾಯ್ತು, ಹೇಳಿ ನೋಡೋಣ.”

ಅವನು ತಟ್ಟನೆ ಪುಸ್ತಕ ಮುಚ್ಚಿದ. “ನಿಮಗ್ಯಾಕ್ರೀ ಅದು?”

“ನಮ್ಮಂಗಡಿಗೆ ಕನ್ನ ಹಾಕೋಕೆ ಹೊಂಚು ಹಾಕ್ತಿದೀರಾ?”

ಅವನು ಗೊಳ್ಳೆಂದು ನಕ್ಕ. ಒರಟು ನಗು, ಪಂಡಿತನಿಗೆ ಒಪ್ಪುವಂಥದ್ದಲ್ಲ. ನಗು ನಿಂತ ಮೇಲೆ ಹೇಳಿದ: “ಓದೋಕೆ ಕೂತ್ರೆ ನನಗೆ ಅಕ್ಷರ ಎಲ್ಲ ಕಲಸಿಹೋಗುತ್ತೆ. ಚಿಕ್ಕಂದಿನಿಂದ ಹೀಗೇ. ನಮ್ಮಪ್ಪ ಮೇಷ್ಟ್ರು. ಕಣ್ಣಿನ ತೊಂದರೆ ಅಂತ ಸುಳ್ಳು ಹೇಳಿ ಕನ್ನಡಕ ಹಾಕ್ಕೊಂಡೆ. ಅವರು ಬಸ್ಸಿಳಿಯೋ ಹೊತ್ತಿಗೆ ಓದ್ತಾ ಇದ್ರೆ ಅವತ್ತು ಬೈಗುಳ ತಪ್ಪುತ್ತೆ.”

“ಇದೂ ಬುರುಡೆ ಇರಬಹುದು.”

ಅವನು ಸಿಟ್ಟಿನಿಂದ ಪುಸ್ತಕ ಬಿಚ್ಚಿ, ಬೆರಳಿಟ್ಟು ಓದತೊಡಗಿದ. ಮೂರನೇ ಪದಕ್ಕೆ ಹಣೆ ಬೆವರಿತು, ಐದನೆಯದಕ್ಕೆ ಧ್ವನಿಯೇ ಅಡಗಿತು.

“ಸಾಕು, ಸಾಕು,” ಎಂದಳು. ನಾಚಿಕೆಯಿಂದ ಅವಳ ಕಿವಿ ಬಿಸಿಯಾಯಿತು. “ಅಪ್ಪನಿಗೆ ಹೇಳಬಾರದಾ?”

ಮರುದಿನ ಅವನೇ ಅಂಗಡಿಗೆ ಬಂದು “ಹೇಳಿದೆ” ಎಂದ. ಅವಳು ನಂಬಲಿಲ್ಲ. ಅವನು ನಿಲ್ದಾಣಕ್ಕೆ ಹೋಗಿ ಕೂತ ಮೇಲೆ ಬಾಗಿಲಲ್ಲೇ ನಿಂತು ಅವನಪ್ಪನ ಬಸ್ಸು ಬರುವುದನ್ನು ಕಾದಳು. ಮೇಷ್ಟ್ರು ಇಳಿದು, ಮಗನ ಪಕ್ಕ ಸುಮ್ಮನೆ ಕೂತು, ಪುಸ್ತಕ ತಮ್ಮ ಕೈಗೆ ತೆಗೆದುಕೊಂಡರು.

“ಎಲ್ಲಿವರೆಗೆ ಬಂದಿದೀಯ?”

“ಶುರುವೇ ಮಾಡಿಲ್ಲಪ್ಪ.”

ಅವರು ಮೊದಲ ಪುಟ ತೆರೆದು, ಗಂಟಲು ಸರಿಮಾಡಿಕೊಂಡು, ಗಟ್ಟಿಯಾಗಿ ಓದತೊಡಗಿದರು.