ಸೋಮವಾರದ ಪಾದೋದಕ

ನನ್ನ ಡೈರಿಯಲ್ಲಿ ಈಗ ಇರುವುದು ಅವ್ವನ ಕಫದ ಬಣ್ಣ. ಬಿ.ಎಸ್ಸಿ. ಮುಗಿದ ಮೇಲೆ ಯಾರಿಗೂ ಹೇಳಲಾಗದ್ದನ್ನೆಲ್ಲ ಅದರಲ್ಲಿ ದಿನಕ್ಕೊಂದು ಪುಟ ಬರೆಯುತ್ತಿದ್ದೆ. ಈಗ ಇಷ್ಟೇ: ಬೆಳಿಗ್ಗೆ ಆರು, ಬಿಳಿ, ತೆಳು. ಎಂಟೂವರೆ, ಬಿಳಿ, ಅಂಟು. ಹತ್ತು, ಬಿಳಿ.

ಅವ್ವನಿಗೆ ಸ್ಟ್ರೋಕ್ ಆಗಿ ಎಪ್ಪತ್ತು ದಿನ. ಎಡಗೈ, ಎಡಗಾಲು ಹೋದವು. ಜೊತೆಗೆ ನುಂಗುವುದೂ ಹೋಯಿತು. ಮೈಸೂರಿನ ಆಸ್ಪತ್ರೆಯಲ್ಲಿ ಹತ್ತೊಂಬತ್ತು ದಿನ ವೆಂಟಿಲೇಟರ್ ಮೇಲಿದ್ದಳು. ನಡುವೆ ಕತ್ತಿನಲ್ಲಿ ತೂತು ಮಾಡಿ ಒಂದು ಟ್ಯೂಬು ಇಟ್ಟರು. ಅವ್ವ ಉಸಿರಾಡುವುದು ಈಗಲೂ ಅದರಿಂದಲೇ. ಗಾಳಿ ಗಂಟಲಿನವರೆಗೆ ಏರದ್ದರಿಂದ ಮಾತಿಲ್ಲ. ಗಂಜಿ, ಹಾಲು, ಮಾತ್ರೆಯ ಪುಡಿ ಎಲ್ಲವೂ ಮೂಗಿನಿಂದ ಹೊಟ್ಟೆಗಿಳಿದಿರುವ ಇನ್ನೊಂದು ಸಣ್ಣ ಪೈಪಿನಲ್ಲಿ. ನರ್ಸ್ ಆಶಾರಾಣಿ ನನಗೆ ಎಲ್ಲ ಕಲಿಸಿ ನಮ್ಮೂರು ಅಗರಕ್ಕೆ ಕಳಿಸಿದರು.

"ನೋಡು ಮಧುಶ್ರೀ, ಕಫ ಎಳೆಯೋಕೆ ಪೈಪು ಒಳಗೆ ಬಿಡ್ತೀಯಲ್ಲ, ಆವಾಗ ನೀನೂ ಉಸಿರು ಕಟ್ಟು. ನಿನಗೆ ಯಾವಾಗ ಸಾಕಪ್ಪ ಅನ್ಸುತ್ತೋ ಅವರಿಗೂ ಆವಾಗ್ಲೇ ಸಾಕಾಗಿರುತ್ತೆ. ತೆಗೆದುಬಿಡು. ಬಾಯಿಗೆ ಮಾತ್ರ ಹನಿ ನೀರೂ ಬೇಡ. ಅದು ಹೊಟ್ಟೆಗೆ ಹೋಗಲ್ಲ, ಶ್ವಾಸಕೋಶಕ್ಕೆ ಹೋಗುತ್ತೆ."

ಹಾಗೆ ದಿನಕ್ಕೆ ಹತ್ತು ಹನ್ನೆರಡು ಸಲ ಅವ್ವನ ಜೊತೆ ನಾನೂ ಉಸಿರು ಕಟ್ಟುತ್ತೇನೆ. ಕರೆಂಟು ಹೋದರೆ ಕಫ ಎಳೆಯುವ ಮೆಷೀನಿನ ಬದಲು ಕಾಲಿನಲ್ಲಿ ತುಳಿಯುವ ಪಂಪು. ಹನೂರಿನಲ್ಲಿ ಗೊಬ್ಬರದ ಅಂಗಡಿ ಇಟ್ಟಿರುವ ಅಪ್ಪ ಸಾಯಂಕಾಲದ ಬಸ್ಸಿಗೆ ಬಂದು, ಚಪ್ಪಲಿ ಬಿಡುವ ಮೊದಲೇ ಕೇಳುತ್ತಾರೆ: "ಬಿಳೀನಾ?" ನಾನು ತಲೆಯಾಡಿಸುತ್ತೇನೆ. ನಮ್ಮಿಬ್ಬರ ಮಾತು ಅಷ್ಟೇ.

ಗುರುವಾರ ಅವ್ವನನ್ನು ಮತ್ತೆ ತೋರಿಸಬೇಕು. ಎದೆ ಶುದ್ಧವಾಗಿದ್ದರೆ ಟ್ಯೂಬಿನ ಬಾಯಿ ಮುಚ್ಚಿ ನೋಡುತ್ತೇವೆ ಎಂದಿದ್ದಾರೆ ಡಾಕ್ಟರು. ಇಲ್ಲದಿದ್ದರೆ ಮತ್ತೆ ಅಡ್ಮಿಟ್, ಮತ್ತೆ ವೆಂಟಿಲೇಟರ್ ಆಗಬಹುದು.

ಒಂದು ಸಲ ಕೆಟ್ಟಿತ್ತು. ಕೆಡಿಸಿದವಳು ನಾನೇ ಎನ್ನಬೇಕು. ಸೋಮವಾರ ಅಯ್ನೋರು ಶಿವರುದ್ರಸ್ವಾಮಿಗಳು ನಮ್ಮ ಮನೆಗೆ ಬಂದು ಲಿಂಗಪೂಜೆ ಮಾಡಿ ಎಲ್ಲರಿಗೂ ಪಾದೋದಕ ಕೊಡುವುದು ಅಜ್ಜನ ಕಾಲದಿಂದ ಬಂದದ್ದು. ಅದು ನಾಲಿಗೆಗೆ ತಾಗದೆ ಅವ್ವ ಸೋಮವಾರ ಕಾಫಿಯನ್ನೂ ಮುಟ್ಟಿದವಳಲ್ಲ. ನಾಲ್ಕು ವಾರದ ಹಿಂದೆ ಹನೂರಿನಿಂದ ಬಂದಿದ್ದ ಗೋವಿಂದಮ್ಮತ್ತೆ, ಅಪ್ಪನ ಅಕ್ಕ, ದಿಂಬು ತೆಗೆದು ಅವ್ವನನ್ನು ನೇರ ಮಲಗಿಸಿ, ಮೂರು ಚಮಚ ಪಾದೋದಕವನ್ನು ಬಾಯಿಗೆ ಬಿಟ್ಟರು. ನಾನು ಕಫದ ಪೈಪು ಹಿಡಿದು ಪಕ್ಕದಲ್ಲೇ ನಿಂತಿದ್ದೆ. "ಅತ್ತೆ" ಎಂಬಷ್ಟು ಹೊರಬಂತು, ಮುಂದಿನದು ಬರಲಿಲ್ಲ. ಅವ್ವ ಕತ್ತಿನಿಂದ ಕೆಮ್ಮಿದಳು, ಅತ್ತೆಯ ಸೀರೆಗೆಲ್ಲ ಸಿಡಿಯಿತು.

"ನೋಡ್ದಾ ಮಹಿಮೆಯ? ಕಫ ಎಂಗ್ ಕಿತ್ಕಂಡ್ ಬಂತು!" ಎಂದರು ಅತ್ತೆ.

ಮೂರನೆಯ ದಿನ ಕಫ ಹಳದಿ, ಮೈ ಕೆಂಡ. ಎಂಟು ದಿನ ಇಂಜೆಕ್ಷನ್. ಬಾಯಿಗೇನಾದರೂ ಕೊಟ್ಟಿರಾ ಎಂದು ಡಾಕ್ಟರು ಕೇಳಿದಾಗ ನಾನು ಇಲ್ಲವೆಂದೆ. ಡೈರಿಯಲ್ಲೂ ಆ ಮೂರು ಚಮಚ ಬರೆಯಲಿಲ್ಲ.

ಆಮೇಲೆ ಮಂಡಿನೋವೆಂದು ಅಯ್ನೋರು ಬಂದಿರಲಿಲ್ಲ. ಈ ಸೋಮವಾರ ಕೋಲೂರಿಕೊಂಡು ಬಂದರು. ಹಿಂದೆಯೇ ಅತ್ತೆ. ಪೂಜೆ ಮುಗಿಯಿತು. ಬೆಳ್ಳಿ ಬಟ್ಟಲು ಹಿಡಿದು ಇಬ್ಬರೂ ಮಂಚದ ಹತ್ತಿರ ಬಂದಾಗ, ಈ ಸಲ ಅವ್ವ ತಾನೇ ಬಲಗೈಯನ್ನು ಗುಳಿ ಮಾಡಿ ಮುಂದೆ ಚಾಚಿದಳು.

"ಅವ್ಳೇ ಕೇಳ್ತಾವ್ಳೆ. ದಿಂಬ್ ತಗಿಯಮ್ಮಿ, ಒಸಿ ಮಲಗ್ಸು," ಎಂದರು ಅತ್ತೆ.

"ಬೇಡ ಅತ್ತೆ."

ಮೆಷೀನು ಗುರ್ರೆನ್ನುತ್ತಿತ್ತು, ಯಾರಿಗೂ ಕೇಳಿಸಲಿಲ್ಲ. ನಾನು ಸ್ವಿಚ್ ಆರಿಸಿದೆ.

"ಬೇಡ."

"ಏನ್ ಬ್ಯಾಡ?"

"ಬಾಯಿಗೆ ಬೇಡ. ಅವತ್ತು ಜ್ವರ ಬಂದದ್ದು ಆ ಮೂರು ಚಮಚದಿಂದ. ಡಾಕ್ಟ್ರ ಹತ್ರ ನಾನು ಸುಳ್ಳು ಹೇಳ್ದೆ."

"ಕೇಳುದ್ರಾ ಅಯ್ನೋರೇ! ಪಾದೋದಕ್ದಿಂದ ಜ್ವರವಂತೆ! ಡಿಗ್ರಿ ಮಾಡ್ಸಿದ್ಕೆ ಇದೊಂದ್ ಕೇಳ್ಬೇಕಾಗಿತ್ತು. ನಿಮ್ಮವ್ವ ಕೈ ಒಡ್ತಾವ್ಳೆ, ಕಣ್ ಕಾಣದಾ ನಿಂಗೆ?"

ಕಾಣುತ್ತಿತ್ತು. ಕಾಣುತ್ತಿದ್ದದ್ದೇ ಕಷ್ಟವಾಗಿತ್ತು. ದಿಂಬಿನ ಮೇಲೆ ಎರಡೂ ಕೈಯಿಟ್ಟು ಅಲ್ಲಾಡದೆ ನಿಂತೆ.

ಅಯ್ನೋರು ಕೋಲಿನ ಮೇಲೆ ಗಲ್ಲವಿಟ್ಟು ಅವ್ವನ ಮುಖವನ್ನೇ ನೋಡುತ್ತಿದ್ದರು. "ಮೂಗ್ನಾಗಿರದು ಏನವ್ವ ಅದು?"

"ಊಟದ ಪೈಪು."

"ಎಲ್ಗೋಗ್ತದೆ?"

"ಹೊಟ್ಟೆಗೆ."

"ನೆಟ್ಟಗೆ ಒಟ್ಟೆಗಾ? ಮತ್ತೆ ಅದ್ರಲ್ಲೇ ಕೊಡು. ಒಳಗಿರೋ ಶಿವನ್ಗೆ ದಾರಿ ಯಾವ್ದಾದ್ರೇನು?"

"ಮೂಗ್ನಲ್ಲಿ ತೀರ್ಥ ಕುಡ್ದೋರ ಎಲ್ಲಾರ ಕಂಡಿದ್ದೀರಾ ಅಯ್ನೋರೇ?" ಎಂದರು ಅತ್ತೆ.

"ಕತ್ನಲ್ಲಿ ಉಸ್ರಾಡೋರ ನೀ ಕಂಡಿದ್ದಾ ಗೋವಿಂದಮ್ಮ?"

ಕುದಿಸಿ ಆರಿಸಿದ ನೀರೇ ಆಗಬೇಕು ಎಂದೆ. ಅಯ್ನೋರು ಮಂಡಿ ಹಿಡಿದುಕೊಂಡು ಮತ್ತೆ ಕೂತರು, ಪಾಪ. ಆ ನೀರಿನಲ್ಲೇ ಇನ್ನೊಮ್ಮೆ ಲಿಂಗಕ್ಕೆ ಅಭಿಷೇಕ ಮಾಡಿ ತೊಳೆದ ಬಟ್ಟಲಿಗೆ ಹಿಡಿದುಕೊಟ್ಟರು. ನಾನು ಅವ್ವನನ್ನು ಎತ್ತಿ ಕೂರಿಸಿ, ಪೈಪು ಜಾಗದಲ್ಲಿದೆಯೇ ನೋಡಿಕೊಂಡು, ಸಿರಿಂಜನ್ನು ತಲೆಗಿಂತ ಮೇಲೆ ಹಿಡಿದು ಹತ್ತು ಎಂ.ಎಲ್. ಸುರಿದೆ. ನೀರು ಸದ್ದಿಲ್ಲದೆ ಇಳಿದುಹೋಯಿತು.

ಅವ್ವನ ಕೈ ಹಾಗೇ ಚಾಚಿತ್ತು. ಆಗಿಹೋಯಿತೆಂದು ತಿಳಿಯಲು ಅವಳಿಗೆ ಸ್ವಲ್ಪ ಹೊತ್ತು ಬೇಕಾಯಿತು. ಆಮೇಲೆ ಕೈ ಕೆಳಗಿಳಿಸಿ ಗೋಡೆಯ ಕಡೆ ಮುಖ ತಿರುಗಿಸಿದಳು. ಅತ್ತೆ ಕಾಫಿಯನ್ನೂ ಕುಡಿಯದೆ ಎದ್ದರು: "ನಿಮ್ಮಪ್ಪನ್ಗೆ ಯೋಳ್ತೀನಿ ಇರು."

ಅರ್ಧ ಗಂಟೆ ಅವ್ವನ ಕತ್ತನ್ನೇ ನೋಡುತ್ತ ಕೂತೆ. ಕೆಮ್ಮು ಬರಲಿಲ್ಲ. ಹನ್ನೆರಡು, ಬಿಳಿ ಎಂದು ಬರೆದೆ. ನಾಲ್ಕು ವಾರದ ಹಿಂದಿನ ಪುಟ ತಿರುವಿ, ಮೂರು ಚಮಚ ಎಂದೂ ಬರೆದೆ. ಅನ್ನ ಬಡಿಸಿಕೊಂಡವಳು ಕಲಸದೆ ಹಾಗೇ ಮುಚ್ಚಿಟ್ಟೆ.

ಸಾಯಂಕಾಲ ಅಪ್ಪ ಬಂದಾಗ ಅತ್ತೆಯ ಫೋನು ಅವರಿಗೆ ಮೊದಲೇ ಬಂದಿತ್ತು. ಬಾಗಿಲಲ್ಲಿ ನಿಂತು ನನ್ನ ಮುಖ ನೋಡಿದರು. "ಬಿಳೀನಾ?" ಎಂದರು. ತಲೆಯಾಡಿಸಿದೆ. ಚಪ್ಪಲಿ ಬಿಟ್ಟು ಒಳಗೆ ಹೋದರು.

ಗುರುವಾರ ಆಂಬುಲೆನ್ಸ್ ಯಳಂದೂರು ದಾಟುವವರೆಗೂ ಅವ್ವ ನನ್ನ ಕಡೆ ತಿರುಗಿರಲಿಲ್ಲ. ಆಸ್ಪತ್ರೆಯಲ್ಲಿ ಡೈರಿಯನ್ನೇ ಡಾಕ್ಟರ ಮುಂದಿಟ್ಟೆ. ಆ ಪುಟ ಓದಿ ನನ್ನನ್ನೊಮ್ಮೆ ನೋಡಿದರು, ಬೈಯಲಿಲ್ಲ. ಎಕ್ಸ್-ರೇ ಚೆನ್ನಾಗಿತ್ತು. ಕೈಗವಸು ಹಾಕಿ, ಟ್ಯೂಬಿನ ಬಾಯಿಗೆ ಬೆರಳು ಅಡ್ಡವಿಟ್ಟರು.

"ಪುಟ್ಟಮಲ್ಲಮ್ಮ, ಏನಾದ್ರೂ ಮಾತಾಡಿ ನೋಡೋಣ."

ಮೊದಲು ಗಾಳಿ ಬಂತು. ಆಮೇಲೆ ಸೌದೆ ಸೀಳಿದಂಥ ಒಂದು ದನಿ.

"ಮೂಗ್ನಾಗ್... ಉಯ್ದ್ಬುಟ್ಲು."

"ಏನಂದ್ರು?" ಎಂದು ಡಾಕ್ಟರು ಕೇಳಿದರು. ಅಪ್ಪ ಗೋಡೆಯ ಕಡೆ ತಿರುಗಿ ಟವೆಲಿನಿಂದ ಮುಖ ಒರೆಸಿಕೊಳ್ಳುತ್ತಿದ್ದರು.

ಅವ್ವ ನನ್ನತ್ತ ಬೆರಳು ತೋರಿಸಿದಳು. "ಬಾಯ್ಗೆ... ಕೊಡ್ನಿಲ್ಲ."

"ಒಳ್ಳೇದೇ ಮಾಡಿದ್ದಾರೆ. ಬಾಯಿಗೆ ಇನ್ನೂ ಒಂದು ತಿಂಗಳು ಬೇಡ," ಎಂದರು ಡಾಕ್ಟರು.

ಒಂದು ತಿಂಗಳು. ಅಂದರೆ ಇನ್ನೂ ನಾಲ್ಕು ಸೋಮವಾರ.