ಗಾಜಿನೊಳಗಿನ ಗಂಟೆ

ನನ್ನ ತಂಗಿ ನೀತಾ ತೀರಿಕೊಂಡು ಏಳೆಂಟು ತಿಂಗಳಾಗಿತ್ತು. ಅವಳ ಮಗಳು ಅಪೇಕ್ಷಾಳನ್ನು ಮಾರ್ಗನ್ ಹಿಲ್‌ನ ನಮ್ಮ ಮನೆಗೇ ಕರೆತಂದುಬಿಡೋಣವೆಂದು ಶನಿವಾರ ಪ್ಲೆಸೆಂಟನ್‌ನ ಅವರ ಮನೆಗೆ ಹೋದೆ. ಬರುತ್ತೇನೆಂದು ಹುಡುಗಿಯೇ ಫೋನಿನಲ್ಲಿ ಹೇಳಿದ್ದಳು. ಮಕ್ಕಳಿಲ್ಲದ ನಾನು ವಾರವೆಲ್ಲ ಕೂತು ನಮ್ಮಲ್ಲಿ ಅವಳಿಗೆಂದು ತೆಗೆದಿಟ್ಟ ಕೋಣೆಗೆ ಪರದೆ ಹೊಲಿದಿದ್ದೆ.

ಅವಳಪ್ಪ ಯತೀಶ್ ಕೆಟ್ಟವನಲ್ಲ, ಮಾತಿನಲ್ಲಿ ಜಿಪುಣ. “ಬನ್ನಿ” ಎಂದವನು ಮತ್ತೆ ಲ್ಯಾಪ್‌ಟಾಪಿನ ಹಿಂದೆ ಸೇರಿಕೊಂಡ.

ಅಪೇಕ್ಷಾ ಅಡುಗೆಮನೆಯಲ್ಲಿ ಸ್ಕೂಲಿನ ಪ್ರಾಜೆಕ್ಟು ಹರಡಿಕೊಂಡಿದ್ದಳು: ಗಾಜಿನ ಜಾಡಿ, ಗಾಳಿ ಹೊರಗೆಳೆಯುವ ಪಂಪು. ಜಾಡಿಯೊಳಗೆ ದಾರದಲ್ಲಿ ತೂಗುತ್ತಿದ್ದುದು ನೀತಾಳ ಪೂಜೆಯ ಗಂಟೆ.

ಅವಳು ಜಾಡಿ ಅಲುಗಿಸಿದಾಗ ಗಾಜಿನೊಳಗಿಂದ ಗಂಟೆ ಮಂದವಾಗಿ ಕೇಳಿಸಿತು. ಪಂಪು ಒತ್ತುತ್ತ ಹೋದಂತೆ ದನಿ ಸಣ್ಣಗಾಗಿ ನಿಂತೇಹೋಯಿತು. ಗಂಟೆ ಮಾತ್ರ ಕಣ್ಣೆದುರಿಗೆ ಓಲಾಡುತ್ತಲೇ ಇತ್ತು.

“ಸೌಂಡಿಗೆ ಮಧ್ಯೆ ಗಾಳಿ ಬೇಕು, ದೊಡ್ಡಮ್ಮ. ಲೈಟಿಗೆ ಏನೂ ಬೇಡ. ಅದ್ರಲ್ಲಿರೋ ಎಲೆಕ್ಟ್ರಿಕ್ ಅಲೆ, ಮ್ಯಾಗ್ನೆಟಿಕ್ ಅಲೆ ಒಂದನ್ನೊಂದು ಎಬ್ಬಿಸ್ಕೊಂಡು ಬರುತ್ತೆ. ಅದಕ್ಕೇ ಸೂರ್ಯ ಕಾಣುತ್ತೆ, ಕೇಳ್ಸಲ್ಲ.”

“ಗಂಟೆ ಎಲ್ಲಿತ್ತೇ?”

“ಗರಾಜಲ್ಲಿ, ಬಾಕ್ಸಲ್ಲಿ. ಹೀ ಪುಟ್ ಹರ್ ಅವೇ. ಅಪ್ಪ ಅಮ್ಮನ್ನೇ ಬಚ್ಚಿಟ್ಟುಬಿಟ್ರು.” ಪಂಪನ್ನು ಪಕ್ಕಕ್ಕೆ ಸರಿಸಿದಳು. “ಅದಕ್ಕೇ ನಿಮ್ಮನೆಗೆ ಬರ್ತೀನಿ ಅಂದಿದ್ದು.”

ಯತೀಶನ ಮನೆತನದಲ್ಲಿ ಸಾವಾದರೆ ವರ್ಷ ತುಂಬುವವರೆಗೆ ಹಬ್ಬವಿಲ್ಲ, ಗಂಟೆ ಬಾರಿಸುವಂತಿಲ್ಲ. ಇಂಥದ್ದನ್ನೆಲ್ಲ ಹುಡುಗಿಗೆ ಬಿಡಿಸಿ ಹೇಳುತ್ತಿದ್ದವಳು ನೀತಾ. ಅಪ್ಪನ ಮಾತು ಮಗಳಿಗೆ, ಮಗಳದು ಅಪ್ಪನಿಗೆ ಮುಟ್ಟುತ್ತಿದ್ದುದೂ ಅವಳಿಂದಲೇ. ಈಗ ಇಬ್ಬರೂ ಒಬ್ಬರಿಗೊಬ್ಬರು ಕಾಣುತ್ತಾರೆ, ಅಷ್ಟೇ.

ನಾನು ಸುಮ್ಮನಿದ್ದರೆ ಹುಡುಗಿ ನನ್ನವಳು. ಬಾಗಿಲ ಬಳಿ ಸೂಟ್‌ಕೇಸು ಸಿದ್ಧವಾಗಿತ್ತು. ಸುಳ್ಳೇಕೆ ಹೇಳಲಿ, ಸುಮ್ಮನಿರಬೇಕೆಂದೇ ಅನಿಸಿತು.

“ಅಪ್ಪ ಬಚ್ಚಿಟ್ಟಿಲ್ಲ ಕಣೇ,” ಎಂದೆ ಕೊನೆಗೆ. “ವರ್ಷ ತುಂಬೋವರೆಗೂ ಬಾರಿಸಬಾರದು ಅಂತ ಎತ್ತಿಟ್ಟಿದಾನೆ. ಅಮ್ಮನಿಗೋಸ್ಕರಾನೇ.”

ಅವಳು ಜಾಡಿಗೆ ಗಾಳಿ ಬಿಟ್ಟು, ಗಂಟೆ ತೆಗೆದಿಡಲೆಂದು ಜಾಡಿಯನ್ನು ಮೆಲ್ಲಗೆ ಎತ್ತಿದಳು. ಗಂಟೆ ಮನೆಗೆಲ್ಲ ಕೇಳುವಂತೆ ಟಿಣ್ ಎಂದಿತು.

ಆ ಸದ್ದಿಗೆ ಯತೀಶ್ ಓಡಿಬಂದ. ಗಂಟೆ ಕಂಡು ಅಲ್ಲೇ ನೆಲದ ಮೇಲೆ ಕೂತು ಅತ್ತುಬಿಟ್ಟ. ಮಗಳು ಹೋಗಿ ಪಕ್ಕದಲ್ಲಿ ಕೂತಳು.

“ಸಾರಿ ಅಪ್ಪ. ನಂಗೆ ಗೊತ್ತಿರ್ಲಿಲ್ಲ.”

“ನಾನು ಹೇಳ್ಬೇಕಿತ್ತು, ಪುಟ್ಟಿ.”

ಸೂಟ್‌ಕೇಸನ್ನು ನಾನೇ ಅಲ್ಲಿನ ಅವಳ ಕೋಣೆಯೊಳಗಿಟ್ಟು ಬಂದೆ.

ಫ್ರೀವೇಯಲ್ಲಿ ಒಬ್ಬಳೇ ಮರಳಿದೆ. ಮನೆಯಲ್ಲಿ ಹೊಸ ಪರದೆ ಕಿಟಕಿಗೆ ತೂಗುತ್ತಿತ್ತು. ಬಿಚ್ಚಿಡಲು ಕೈ ಬರಲಿಲ್ಲ.